ಹಳೆಯ ಮಲಯಾಳಂ ಚಿತ್ರಗಳಲ್ಲಿ ಕಾಮ: ‘ಚೆಮ್ಮೀನ್’ ಕಡಲಿನಿಂದ ನೂನ್ ಶೋ ‘ತುಂಡಿ’ನವರೆಗೆ

ಹಳೇಟಾಕೀಸು

ಎಂಬತ್ತು, ತೊಂಬತ್ತರ ದಶಕದಲ್ಲಿ ನಮ್ಮ ಕಡೆ ‘ಮಲಯಾಳಂ ಸಿನಿಮಾ’ ಅಂದರೆ ಜನ ಒಂದೇ ಅರ್ಥ ಮಾಡಿಕೊಳ್ಳುತ್ತಿದ್ದರು. ಮಜೆಸ್ಟಿಕ್ ಸುತ್ತಲಿನ ಕೆಲವು ಟಾಕೀಸುಗಳಿಂದ ಹಿಡಿದು ತಾಲ್ಲೂಕು ಊರುಗಳವರೆಗೆ ಮಾರ್ನಿಂಗ್ ಶೋಗೆ ಅಂಟಿಸುತ್ತಿದ್ದ ‘ವಯಸ್ಕರಿಗೆ ಮಾತ್ರ’ ಪೋಸ್ಟರುಗಳಿಂದ ಬಂದ ಅರ್ಥ ಅದು. ಆದರೆ ಅದೇ ಭಾಷೆ 1965ರಲ್ಲಿ ‘ಚೆಮ್ಮೀನ್’, 1972ರಲ್ಲಿ ‘ಸ್ವಯಂವರಂ’, 1973ರಲ್ಲಿ ‘ನಿರ್ಮಾಲ್ಯಂ’ ಚಿತ್ರಗಳಿಗೆ ದೇಶದ ಅತ್ಯುತ್ತಮ ಚಿತ್ರ ಪ್ರಶಸ್ತಿ ತಂದುಕೊಂಡಿತ್ತು. ಇವೆರಡೂ ಒಂದೇ ಉದ್ಯಮದಿಂದ ಬಂದದ್ದು ಹೇಗೆ? ಕಾಮದ ವಸ್ತು ಅಲ್ಲಿ ಯಾವಾಗ ಶುರುವಾಯಿತು, ಯಾವಾಗ ದಾರಿ ಬದಲಿಸಿತು? ಇನ್ನೂ ಒಂದು ಪ್ರಶ್ನೆ ಇದೆ: ಇವತ್ತು ಸಿಗುವ ಪ್ರತಿಗಳಲ್ಲಿ ನಿರ್ದೇಶಕರು ಮಾಡಿದ್ದು ಯಾವುದು, ಆಮೇಲೆ ಯಾರೋ ಸೇರಿಸಿದ್ದು ಯಾವುದು ಅಂತ ಗುರುತಿಸುವುದು ಹೇಗೆ? ಬಲ್ಲವರು ವಿವರವಾಗಿ ಬರೆಯಬೇಕು.

ರೀಲುಡಬ್ಬಿ

ಮೊದಲು ಎರಡು ಹೊಳೆಗಳನ್ನು ಬೇರೆ ಮಾಡಿಕೊಳ್ಳೋಣ. ಒಂದು, ಸುಮಾರು 1974ರಿಂದ 1987ರವರೆಗಿನದು: ಸಾಹಿತ್ಯದಿಂದ ಬಂದ, ಮುಖ್ಯವಾಹಿನಿಯ ನಟನಟಿಯರು ಮಾಡಿದ, ಕಾಮವನ್ನು ಕಥೆಯ ನಡುಮನೆಗೇ ತಂದ ಚಿತ್ರಗಳು. ಇನ್ನೊಂದು, 1988ರಿಂದ ಸುಮಾರು 2002ರವರೆಗಿನದು: ಕಡಿಮೆ ದುಡ್ಡಿನಲ್ಲಿ, ಮಧ್ಯಾಹ್ನದ ಆಟವನ್ನೇ ಗುರಿಯಾಗಿಟ್ಟುಕೊಂಡು ಮಾಡಿದ ಚಿತ್ರಗಳು. ಕೇರಳದ ಪ್ರೇಕ್ಷಕರಿಗೆ ಈ ವ್ಯತ್ಯಾಸ ಚೆನ್ನಾಗಿ ಗೊತ್ತಿತ್ತು. ಎರಡನೆಯದನ್ನು ಅವರು ‘ಉಚ್ಚಪ್ಪಡಂ’ ಅಂತಲೇ ಕರೆದರು, ಅಂದರೆ ಮಧ್ಯಾಹ್ನದ ಚಿತ್ರ. ರಾಜ್ಯದ ಗಡಿ ದಾಟಿದ ಕೂಡಲೇ ಆ ವ್ಯತ್ಯಾಸ ಅಳಿಸಿಹೋಯಿತು. ಅಳಿಸಿದ್ದು ನಿರ್ದೇಶಕರಲ್ಲ, ಹಂಚಿಕೆ, ಪೋಸ್ಟರು, ಡಬ್ಬಿಂಗು ಮತ್ತು ಪ್ರೊಜೆಕ್ಟರ್ ಕೊಠಡಿಯ ಕತ್ತರಿ.

ಬೇರು ಇನ್ನೂ ಹಿಂದಿದೆ. 1954ರ ‘ನೀಲಕ್ಕುಯಿಲ್’ ನೋಡಿ. ಪಿ. ಭಾಸ್ಕರನ್, ರಾಮು ಕಾರ್ಯಾಟ್ ಸೇರಿ ನಿರ್ದೇಶಿಸಿದ್ದು, ಕಥೆ ಉರೂಬ್ ಅವರದು. ದಲಿತ ಹೆಣ್ಣು ನೀಲಿಯನ್ನು ಶ್ರೀಧರನ್ ನಾಯರ್ ಎಂಬ ಮೇಷ್ಟ್ರು ಪ್ರೀತಿಸುತ್ತಾನೆ, ಬಸಿರು ಮಾಡುತ್ತಾನೆ, ಜಾತಿಗೆ ಹೆದರಿ ಕೈ ಬಿಡುತ್ತಾನೆ. ಅವಳು ಮಗುವನ್ನು ಹೆತ್ತು ರೈಲು ಹಳಿಯ ಬಳಿ ಸಾಯುತ್ತಾಳೆ. ತೆರೆಯ ಮೇಲೆ ಮೈ ಕಾಣುವುದಿಲ್ಲ, ಆದರೆ ಮೈಯ ಪ್ರಶ್ನೆ ಪೂರ್ತಿ ಇದೆ: ಯಾರ ಆಸೆಗೆ ಯಾರು ಬೆಲೆ ತೆರುತ್ತಾರೆ.

ತಕಳಿ ಶಿವಶಂಕರ ಪಿಳ್ಳೆಯವರ ಕಾದಂಬರಿಯಿಂದ ಬಂದ ‘ಚೆಮ್ಮೀನ್’ (1965) ಇದನ್ನೇ ಕಡಲಿಗೆ ತಂದಿತು. ದಡದಲ್ಲಿರುವ ಹೆಂಡತಿ ಶೀಲ ತಪ್ಪಿದರೆ ಕಡಲಿಗೆ ಹೋದ ಗಂಡ ಮರಳುವುದಿಲ್ಲ ಎನ್ನುವ ಮೀನುಗಾರರ ನಂಬಿಕೆಯೇ ಕಥೆಯ ಬೆನ್ನೆಲುಬು. ಪ್ರೇಮಿಗಳಾದ ಕರುತ್ತಮ್ಮ, ಪರೀಕುಟ್ಟಿ ದಡದಲ್ಲಿ ಶವವಾಗುತ್ತಾರೆ. ಅತ್ತ ಅವಳ ಗಂಡ ಪಳನಿ ಶಾರ್ಕ್ ಹಿಡಿಯಲು ಹೋಗಿ ಕಡಲಿನ ಪಾಲಾಗುತ್ತಾನೆ. ಮಾರ್ಕಸ್ ಬಾರ್ಟ್ಲಿ ಹಿಡಿದ ಈಸ್ಟ್‌ಮನ್ ಬಣ್ಣದಲ್ಲಿ ಒದ್ದೆ ಮರಳು, ದೋಣಿ, ಕರುತ್ತಮ್ಮನಾಗಿ ನಟಿಸಿದ ಶೀಲಾ ಅವರ ಮುಖ ಎಲ್ಲವೂ ಒಂದೇ ಬಿಸಿಲಿನಲ್ಲಿ ಮಿನುಗುತ್ತವೆ. ಮಲಯಾಳಂ ತೆರೆಯಲ್ಲಿ ಶೃಂಗಾರಕ್ಕೆ ನೆಲ, ನೀರು, ಹವೆ ಸಿಕ್ಕಿದ್ದು ಇಲ್ಲಿಂದ.

ಚಂದ್ರಗಿರಿ

ರೀಲುಡಬ್ಬಿಯವರೇ, ಇನ್ನೂ ಒಂದು ಹೆಜ್ಜೆ ಹಿಂದಕ್ಕೆ ಹೋಗಲೇಬೇಕು. ಜೆ. ಸಿ. ಡೇನಿಯಲ್ ಅವರ ಮೂಕಿಚಿತ್ರ ‘ವಿಗತಕುಮಾರನ್’ನಲ್ಲಿ ನಾಯರ್ ಹೆಣ್ಣಿನ ಪಾತ್ರ ಮಾಡಿದ ಪಿ. ಕೆ. ರೋಸಿ ದಲಿತ ಸಮುದಾಯದವರು. ಮೇಲ್ಜಾತಿಯ ಹೆಣ್ಣಾಗಿ ಅವರು ಪರದೆಯ ಮೇಲೆ ಕಾಣಿಸಿಕೊಂಡದ್ದನ್ನು ಸಹಿಸದ ಜನ ತಿರುವನಂತಪುರದಲ್ಲಿ ಗಲಾಟೆ ಎಬ್ಬಿಸಿದರು, ಅವರು ಊರು ಬಿಟ್ಟು ಹೋಗಬೇಕಾಯಿತು. ಮಲಯಾಳಂ ಚಿತ್ರರಂಗದ ಮೊದಲ ನಾಯಕಿಗೆ ಆದದ್ದು ಇದು. ‘ಯಾವ ಮೈ ತೆರೆಯ ಮೇಲೆ ಬರಬಹುದು, ಯಾವ ರೀತಿ ಬರಬಹುದು’ ಎಂಬ ಪ್ರಶ್ನೆ ಅಲ್ಲಿ ಕಾಮದ ಚಿತ್ರಗಳಿಗಿಂತ ನಲವತ್ತು ಐವತ್ತು ವರ್ಷ ಮೊದಲೇ ಎದ್ದಿತ್ತು. ಇದನ್ನು ಬಿಟ್ಟು ಬರೀ ಬಟ್ಟೆಯ ಅಳತೆ ಮಾತಾಡಿದರೆ ಚರಿತ್ರೆ ಆಗುವುದಿಲ್ಲ.

ಭಿತ್ತಿಚಿತ್ರ

1974ರಿಂದ 79ರ ಘಟ್ಟದ ಬಗ್ಗೆ ಬರೆಯುತ್ತೇನೆ, ಅದೇ ಎಲ್ಲಕ್ಕಿಂತ ಸಮೃದ್ಧವಾದದ್ದು.

ಎನ್. ಶಂಕರನ್ ನಾಯರ್ ಅವರ ‘ವಿಷ್ಣುವಿಜಯಂ’ (1974) ಬಂದಾಗ ಶೀಲಾ ದೊಡ್ಡ ತಾರೆ, ಕಮಲ್ ಹಾಸನ್ ಹೊಸ ಹುಡುಗ. ವಯಸ್ಸಿನಲ್ಲಿ ದೊಡ್ಡವಳಾದ, ಮದುವೆಯಾದ ಹೆಣ್ಣಿನ ಆಸೆಯನ್ನು ಒಬ್ಬ ತಾರೆ ತನ್ನ ಹೆಸರಿಗೆ ಅಂಜದೆ ಮಾಡಿದರು. ಮುಂದಿನ ವರ್ಷ ‘ಪ್ರಯಾಣಂ’. ನಿರ್ದೇಶಕ ಭರತನ್, ಚಿತ್ರಕಥೆಗಾರ ಪಿ. ಪದ್ಮರಾಜನ್, ಇಬ್ಬರಿಗೂ ಮೊದಲ ಚಿತ್ರ. ವಯಸ್ಸಾದ ಪೂಜಾರಿ ಎಳೆಯ ಹೆಂಡತಿಯನ್ನು ತರುತ್ತಾನೆ, ಆ ಮನೆಯೊಳಗಿನ ಉಸಿರುಕಟ್ಟು ಇಡೀ ಚಿತ್ರ. 1977ರ ‘ಇದಾ ಇವಿಡೆ ವರೆ’ಗೆ ಪದ್ಮರಾಜನ್ ಬರೆದರು, ಐ. ವಿ. ಶಶಿ ನಿರ್ದೇಶಿಸಿದರು, ಅಲ್ಲಿ ಕಾಮವೇ ಸೇಡಿನ ಆಯುಧ. 1978ರಲ್ಲಿ ಶಶಿಯವರ ‘ಅವಳುಡೆ ರಾವುಗಳ್’, ಭರತನ್ ಅವರ ‘ರತಿನಿರ್ವೇದಂ’. 1979ರಲ್ಲಿ ‘ತಕರ’.

ಒಂದು ಸಂಗತಿಯನ್ನು ಜನ ಗಮನಿಸುವುದಿಲ್ಲ. ಭರತನ್ ಚಿತ್ರಕಲೆ ಓದಿ ಕಲಾ ನಿರ್ದೇಶನದಿಂದ ಬಂದವರು. ಶಶಿ ಕೂಡ ಕಲಾ ನಿರ್ದೇಶಕರಾಗಿ ಶುರು ಮಾಡಿದವರು. ಭರತನ್ ಅವರ ಚಿಕ್ಕಪ್ಪ, ‘ಓಳವುಂ ತೀರವುಂ’ (1970) ಮೂಲಕ ಕ್ಯಾಮೆರಾವನ್ನು ಸ್ಟುಡಿಯೋದಿಂದ ಹೊರಗೆ ತಂದ ಪಿ. ಎನ್. ಮೆನನ್ ಕೂಡ ಪೋಸ್ಟರು, ಕಲಾ ವಿಭಾಗದಲ್ಲಿ ಪಳಗಿದ ಕೈ. ಹಾಗಾಗಿ ಈ ಚಿತ್ರಗಳಲ್ಲಿ ಶೃಂಗಾರ ಮಾತಿನಲ್ಲಿ ಇರುವುದಿಲ್ಲ. ಬಣ್ಣ, ಬೆಳಕು, ಚೌಕಟ್ಟಿನಲ್ಲಿ ಇರುತ್ತದೆ. ‘ತಕರ’ದಲ್ಲಿ ಬುದ್ಧಿ ಬೆಳೆಯದ ಹುಡುಗನಾಗಿ ಪ್ರತಾಪ್ ಪೋತನ್, ಸುಭಾಷಿಣಿಯಾಗಿ ಸುರೇಖಾ, ಅವನ ಆಸೆಗೆ ಗಾಳಿ ಊದುವ ಬಡಗಿ ಚೆಲ್ಲಪ್ಪನಾಶಾರಿಯಾಗಿ ನೆಡುಮುಡಿ ವೇಣು. ವೇಣು ಅವರ ನೋಟವನ್ನು ಗಮನಿಸಿ. ಆ ಊರಿನ ಗಂಡಸರೆಲ್ಲರ ಕಣ್ಣನ್ನೂ ಒಬ್ಬನೇ ಹೊತ್ತು ತಿರುಗುತ್ತಾನೆ. ಅವನು ಮಾತಿನಲ್ಲೇ ಮುಗಿಸಿಕೊಳ್ಳುತ್ತಾನೆ, ಬೆಲೆ ತೆರುವುದು ತಕರ.

‘ರತಿನಿರ್ವೇದಂ’ ಬಗ್ಗೆ ನೇರವಾಗಿ ಒಂದು ಮಾತು. ಜಯಭಾರತಿ ಮಾಡಿದ ರತಿ ಬೆಳೆದ ಹೆಣ್ಣು, ಕೃಷ್ಣಚಂದ್ರನ್ ಮಾಡಿದ ಪಪ್ಪು ಇನ್ನೂ ಹುಡುಗ. 2012ರ ಪೋಕ್ಸೋ ಕಾಯ್ದೆಯ ಪ್ರಕಾರ ಇಂಥ ಸಂಬಂಧ ಅಪರಾಧ. ಹರೆಯದ ಗೊಂದಲವನ್ನು, ಹಳ್ಳಿಮನೆಯ ಬೇಸಗೆ ರಜೆಯನ್ನು ಭರತನ್ ಹಿಡಿದ ರೀತಿ ದೊಡ್ಡದು, ಅನುಮಾನವಿಲ್ಲ. ಆದರೂ ಚಿತ್ರವನ್ನು ಮೆಚ್ಚುವವರು ಈ ಮಾತನ್ನು ನುಂಗಿಕೊಳ್ಳಬಾರದು.

ಮಲ್ಲಿಗೆಹಂಬು

‘ಅವಳುಡೆ ರಾವುಗಳ್’ ಮಲಯಾಳಂನ ಮೊದಲ ಸಾಫ್ಟ್ ಪೋರ್ನ್ ಅಂತ ಎಷ್ಟೋ ಕಡೆ ಬರೆದಿರುತ್ತಾರಲ್ಲ, ಅದು ಸರಿಯೇ?

ಭಿತ್ತಿಚಿತ್ರ

ಸರಿಯಲ್ಲ, ಮೇಡಂ. ಚಿತ್ರ ನೋಡದೆ ಪೋಸ್ಟರ್ ಮಾತ್ರ ನೋಡಿದವರು ಹಾಗೆ ಬರೆಯುತ್ತಾರೆ.

ಹೆಸರಿನ ಅರ್ಥ ‘ಅವಳ ಇರುಳುಗಳು’. ಆಲೆಪ್ಪಿ ಷೆರೀಫ್ ಬರೆದ ಚಿತ್ರಕಥೆ. ತಮ್ಮನನ್ನು ಓದಿಸಲು ಮೈ ಮಾರುವ ರಾಜಿಯ ಬದುಕು. ನೃತ್ಯದಿಂದ ಬಂದ ಸೀಮಾ ಅವರಿಗೆ ಇದು ದೊಡ್ಡ ತಿರುವು. ‘ಎ’ ಪ್ರಮಾಣಪತ್ರ ಬಂತು, ನಿಜ. ಆದರೆ ಒಳಗಿರುವುದು ಏನು? ಮೈ ಮಾರುವ ಹೆಣ್ಣಿನ ಹಗಲು. ಅವಳು ಅಕ್ಕ, ಬಾಡಿಗೆ ಮನೆಯವಳು, ಪ್ರೀತಿ ಬೇಕೆನ್ನುವವಳು. ಬಿಚ್ಚು ತಿರುಮಲ ಬರೆದು, ಎ. ಟಿ. ಉಮ್ಮರ್ ರಾಗ ಹಾಕಿ, ನಮ್ಮ ಎಸ್. ಜಾನಕಿ ಹಾಡಿದ ‘ರಾಗೇಂದುಕಿರಣಂಗಳ್’ ಕೇಳಿ. ಬಯಕೆಗಿಂತ ಒಂಟಿತನವೇ ಅದರಲ್ಲಿ ಹೆಚ್ಚು. ಮುಖ್ಯವಾಗಿ, ಚಿತ್ರ ರಾಜಿಯನ್ನು ಕೊಲ್ಲುವುದಿಲ್ಲ. ‘ನೀಲಕ್ಕುಯಿಲ್’ನ ಹಳಿ, ‘ಚೆಮ್ಮೀನ್’ನ ಕಡಲು, ‘ರತಿನಿರ್ವೇದಂ’ನ ಹಾವಿನ ಕಡಿತ, ‘ತಕರ’ದ ರೈಲು ಸಾಲಾಗಿ ಇಟ್ಟು ನೋಡಿದರೆ ಆಸೆ ಪಟ್ಟವರಿಗೆ ಸಾವೇ ಗತಿ ಎನ್ನುವ ಕಾಲವದು. ಅದರ ನಡುವೆ ಬದುಕಿ ಉಳಿದವಳು ರಾಜಿ.

ಹಿಂದಿಗೆ ಡಬ್ ಆಗಿ ‘ಹರ್ ನೈಟ್ಸ್’ ಎಂಬ ಹೆಸರಿನಲ್ಲಿ ಹೋದಾಗ ಇದೆಲ್ಲ ಕಳಚಿಬಿತ್ತು. ಶರ್ಟು ಮಾತ್ರ ತೊಟ್ಟು ನಿಂತ ಸೀಮಾ ಅವರ ಚಿತ್ರ ಗೋಡೆಗೆ ಬಂತು. ಹಾಡಿನ ಅರ್ಥ, ಮಾತಿನ ಧಾಟಿ, ಬಡತನದ ಲೆಕ್ಕಾಚಾರ ಯಾವುದೂ ಡಬ್ಬಿಂಗಿನಲ್ಲಿ ಉಳಿಯಲಿಲ್ಲ. ‘ಮಲಯಾಳಂ ಅಂದರೆ ಅದು’ ಎಂಬ ಗುರುತು ಅಂಟಿದ್ದು ಹೀಗೆ ಗಡಿಯಾಚೆಯ ಮಾರುಕಟ್ಟೆಯಲ್ಲಿ.

ಚಂದ್ರಗಿರಿ

ಕಾನೂನಿನ ಹಿನ್ನೆಲೆಯನ್ನೂ ಇಲ್ಲೇ ಹೇಳಿಬಿಡುತ್ತೇನೆ. 1952ರ ಸಿನಿಮಾಟೋಗ್ರಾಫ್ ಕಾಯ್ದೆಯಲ್ಲಿ ಬಹುಕಾಲ ‘ಯು’ (ಎಲ್ಲರಿಗೂ) ಮತ್ತು ‘ಎ’ (ವಯಸ್ಕರಿಗೆ ಮಾತ್ರ) ಎರಡೇ ವರ್ಗ ಇದ್ದವು. ‘ಯುಎ’ (ಮಕ್ಕಳು ದೊಡ್ಡವರ ಮಾರ್ಗದರ್ಶನದಲ್ಲಿ ನೋಡಬಹುದಾದದ್ದು), ‘ಎಸ್’ (ವೈದ್ಯರಂಥ ವಿಶೇಷ ವರ್ಗಕ್ಕೆ ಮಾತ್ರ) ಸೇರಿದ್ದು 1983ರಲ್ಲಿ. ನಡುವಿನ ಮೆಟ್ಟಿಲೇ ಇಲ್ಲದ್ದರಿಂದ ಕೊಂಚ ಗಂಭೀರವಾದ ವಸ್ತು ಕೂಡ ನೇರ ‘ಎ’ಗೆ ಹೋಗುತ್ತಿತ್ತು, ‘ಎ’ ಎಂಬ ಅಕ್ಷರವನ್ನೇ ಪೋಸ್ಟರಿನಲ್ಲಿ ದೊಡ್ಡದಾಗಿ ಬರೆದು ಮಾರುವ ಚಾಳಿಗೂ ಅದು ದಾರಿ ಮಾಡಿತು. 1969ರಲ್ಲಿ ಸೆನ್ಸಾರ್ ಪದ್ಧತಿಯನ್ನು ಪರಿಶೀಲಿಸಿದ ಖೋಸ್ಲಾ ಸಮಿತಿ, ಕಥೆಗೆ ಬೇಕಿದ್ದರೆ ಮುತ್ತು, ನಗ್ನತೆಯನ್ನು ಬಿಡಬಹುದು ಎಂದಿತು. 1970ರಲ್ಲಿ ನಿರ್ದೇಶಕ ಕೆ. ಎ. ಅಬ್ಬಾಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಸೆನ್ಸಾರನ್ನು ಎತ್ತಿಹಿಡಿದರೂ ಕಾಮ ಮತ್ತು ಅಶ್ಲೀಲ ಯಾವಾಗಲೂ ಒಂದೇ ಅಲ್ಲ ಎಂದು ಸ್ಪಷ್ಟವಾಗಿ ಹೇಳಿತು. ಎಪ್ಪತ್ತರ ದಶಕದ ನಿರ್ದೇಶಕರು ಕೈ ಚಾಚಿದ್ದು ಈ ಗಾಳಿಯಲ್ಲಿ.

ನಮ್ಮಲ್ಲೂ ಅದೇ ಹೊತ್ತಿಗೆ ಪುಟ್ಟಣ್ಣ ಕಣಗಾಲ್ ‘ಎಡಕಲ್ಲು ಗುಡ್ಡದ ಮೇಲೆ’ (1973) ಮಾಡಿದ್ದರು. ಭಾರತೀಸುತರ ಕಾದಂಬರಿ, ಮಾಧವಿಯಾಗಿ ಜಯಂತಿ. ಗಂಡನಿಂದ ದೊರೆಯದ ದೇಹಸುಖದ ಬಗ್ಗೆ ಹೆಣ್ಣೊಬ್ಬಳು ಕನ್ನಡ ತೆರೆಯಲ್ಲಿ ಅಷ್ಟು ಬಿಚ್ಚುಮನಸ್ಸಿನಿಂದ ನಿಂತದ್ದು ಅದೇ ಮೊದಲೇನೋ ಎನ್ನುವಷ್ಟು ಗಟ್ಟಿ ಚಿತ್ರ. ಆ ಎಡಕಲ್ಲು ಇರುವುದು ವಯನಾಡಿನಲ್ಲಿ, ಕೇರಳದಲ್ಲೇ. ಗುಡ್ಡದ ಈ ಮಗ್ಗುಲಿನ ಚಿತ್ರವನ್ನು ನಾವು ಕುಟುಂಬ ಸಮೇತ ನೋಡುವ ಶ್ರೇಷ್ಠ ಕೃತಿ ಅಂದೆವು, ಆ ಮಗ್ಗುಲಿನ ಸಮಾನ ವಸ್ತುವಿನ ಚಿತ್ರಗಳನ್ನು ಮಾರ್ನಿಂಗ್ ಶೋಗೆ ತಳ್ಳಿದೆವು. ಇದು ನನಗೆ ನಿಜಕ್ಕೂ ನೋವಿನ ವಿಷಯ.

ರೀಲುಡಬ್ಬಿ

ಎಂಬತ್ತರ ದಶಕಕ್ಕೆ ಬರೋಣ. ಕೆ. ಜಿ. ಜಾರ್ಜ್ ಅವರ ‘ಆದಾಮಿಂಟೆ ವಾರಿಯೆಲ್ಲ್’ (1984) ಮೂರು ಹೆಂಗಸರ ಕಥೆ: ಶ್ರೀವಿದ್ಯಾ, ಸುಹಾಸಿನಿ, ಸೂರ್ಯ. ಕೊನೆಯಲ್ಲಿ ರಕ್ಷಣಾಗೃಹದಲ್ಲಿದ್ದ ಹೆಂಗಸರು ಬಾಗಿಲು ದಾಟಿ ಹೊರಗೆ ನುಗ್ಗುತ್ತಾರೆ, ಎದುರಿಗಿದ್ದ ಕ್ಯಾಮೆರಾ, ನಿರ್ದೇಶಕ, ಚಿತ್ರತಂಡ ಎಲ್ಲರನ್ನೂ ತಳ್ಳಿಕೊಂಡು ಓಡುತ್ತಾರೆ. ತಮ್ಮನ್ನು ನೋಡುತ್ತಿದ್ದ ಕಣ್ಣನ್ನೇ ದೂಡಿ ಹೋಗುವ ಆ ಕೆಲವು ಸೆಕೆಂಡುಗಳ ಮುಂದೆ ಎಷ್ಟೋ ಭಾಷಣ ಸಪ್ಪೆ.

1986ರ ‘ನಮುಕ್ಕು ಪಾರ್ಕ್ಕಾನ್ ಮುಂದಿರಿತ್ತೋಪ್ಪುಗಳ್’ನಲ್ಲಿ ಮಲತಂದೆಯಿಂದ ಅತ್ಯಾಚಾರಕ್ಕೊಳಗಾದ ಸೋಫಿಯಾಳನ್ನು ಸಾಲಮನ್ ತನ್ನ ಟ್ಯಾಂಕರ್ ಲಾರಿಯಲ್ಲಿ ಕೂರಿಸಿಕೊಂಡು ಹೊರಡುತ್ತಾನೆ. ‘ಕೆಟ್ಟವಳು’ ಎಂಬ ಮಾತಿಗೆ ಅವನಲ್ಲಿ ಜಾಗವೇ ಇಲ್ಲ. 1987ರ ‘ತೂವಾನತ್ತುಂಬಿಕಳ್’ನಲ್ಲಿ ಕ್ಲಾರಾ ಬರುವಾಗೆಲ್ಲ ಮಳೆ. ಸುಮಲತಾ ಅವರ ಆ ಪಾತ್ರ ಮೈ ಮಾರುವ ದಾರಿಗೆ ತಾನೇ ನಡೆದು ಬರುತ್ತದೆ, ತಾನೇ ಹೊರಟುಹೋಗುತ್ತದೆ. ಕೊನೆಗೆ ಒಟ್ಟಪ್ಪಾಲಂ ರೈಲು ನಿಲ್ದಾಣದಲ್ಲಿ ಗಂಡ, ಮಗುವಿನ ಜೊತೆ ನಿಂತ ಕ್ಲಾರಾ ರೈಲು ಹತ್ತಿ ಹೋಗುತ್ತಾಳೆ. ‘ನೀಲಕ್ಕುಯಿಲ್’ನಲ್ಲಿ ಹೆಣ್ಣು ಸತ್ತದ್ದು ಹಳಿಯ ಬಳಿ, ‘ತಕರ’ ಸತ್ತದ್ದು ರೈಲಿಗೆ ಸಿಕ್ಕಿ. ಇಲ್ಲಿ ಅದೇ ರೈಲು ಬರೀ ಊರಿಗೆ ಹೋಗುವ ರೈಲು. ಮೂವತ್ತಮೂರು ವರ್ಷ ಹಿಡಿಯಿತು ಈ ಬದಲಾವಣೆಗೆ. ಮೊದಲ ಹೊಳೆ ಇಲ್ಲಿ ತನ್ನ ಎತ್ತರ ಮುಟ್ಟಿತು ಅಂತ ನನ್ನ ಎಣಿಕೆ.

ಮಲ್ಲಿಗೆಹಂಬು

1988ರ ‘ವೈಶಾಲಿ’ಯನ್ನು ಬಿಟ್ಟುಬಿಟ್ಟಿರಿ! ಎಂ. ಟಿ. ವಾಸುದೇವನ್ ನಾಯರ್ ಬರೆದು ಭರತನ್ ಮಾಡಿದ್ದು, ಮಧು ಅಂಬಾಟ್ ಕ್ಯಾಮೆರಾ. ಮಳೆ ತರಿಸಲು ಋಷ್ಯಶೃಂಗನನ್ನು ಮರುಳು ಮಾಡಿ ಕರೆತರಬೇಕಾದ ಗಣಿಕೆಯ ಮಗಳ ಕಥೆ. ಋಷ್ಯಶೃಂಗ ನಮಗೇನು ಹೊರಗಿನವನಲ್ಲ, ಶೃಂಗೇರಿಯ ಹೆಸರಲ್ಲೂ ಕಿಗ್ಗದ ದೇವಸ್ಥಾನದಲ್ಲೂ ಇದ್ದಾನೆ. ಇಡುಕ್ಕಿ ಅಣೆಕಟ್ಟಿನ ಬಳಿ ಚಿತ್ರೀಕರಣ ನಡೆದ ಸುರಂಗಕ್ಕೆ ಇವತ್ತಿಗೂ ‘ವೈಶಾಲಿ ಗುಹೆ’ ಎಂದೇ ಹೆಸರು. ‘ಇಂದುಪುಷ್ಪಂ’ ಹಾಡಿಗೆ ಚಿತ್ರಾ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ರಾಜಾಜ್ಞೆಗೆ ಹೆಣ್ಣಿನ ಮೈಯನ್ನು ಬಳಸಿ, ಕೆಲಸವಾದ ಮೇಲೆ ಗುಂಪಿನಲ್ಲಿ ತುಳಿದುಬಿಡುವ ಕೊನೆ ಇದೆಯಲ್ಲ, ಅದನ್ನು ನೋಡಿದ ಮೇಲೆ ಅದುವರೆಗಿನ ಎಲ್ಲ ಚೆಲುವಿನ ಚೌಕಟ್ಟುಗಳೂ ಬೇರೆಯದೇ ಅರ್ಥ ಕೊಡುತ್ತವೆ.

ಹಳೇಟಾಕೀಸು

ಚೆನ್ನಾಗಿ ನೆನಪಿಸಿದಿರಿ. ಈಗ ಎರಡನೆಯ ಹೊಳೆ. ಅದೇ 1988ರಲ್ಲಿ ಏನಾಯಿತು?

ರೀಲುಡಬ್ಬಿ

ಪಿ. ಚಂದ್ರಕುಮಾರ್ ಅವರ ‘ಆದ್ಯಪಾಪಂ’ ಬಂತು. ಆದಾಮ, ಹವ್ವೆಯ ಬೈಬಲ್ ಕಥೆಯನ್ನು ಮುಂದಿಟ್ಟುಕೊಂಡು ನಗ್ನತೆಯನ್ನು ತೋರಿಸಿದ ಚಿತ್ರ, ಅಭಿಲಾಷಾ ನಾಯಕಿ. ಏದೆನ್ ತೋಟದಲ್ಲಿ ಬಟ್ಟೆ ಇರಲಿಲ್ಲವಲ್ಲ ಎನ್ನುವುದೇ ಕಥೆ ಕೊಟ್ಟ ರಕ್ಷೆ. ದುಡ್ಡು ಬಂತು, ಬೆನ್ನಿಗೆ ಅಂಥವೇ ಸಾಲುಸಾಲು. 1989ರಲ್ಲಿ ತುಳಸೀದಾಸ್ ನಿರ್ದೇಶನದ ‘ಲಯನಂ’, ಸಿಲ್ಕ್ ಸ್ಮಿತಾ ಮತ್ತು ಅಭಿಲಾಷಾ. ಅದು ಹಿಂದಿಯಲ್ಲಿ ‘ರೇಷ್ಮಾ ಕಿ ಜವಾನಿ’ ಆಗಿ ಉತ್ತರ ಭಾರತವನ್ನೆಲ್ಲ ಸುತ್ತಿತು.

ಇದು ಹೇಗೆ ಲಾಭಕ್ಕೆ ನಿಂತಿತು ಅನ್ನುವುದಕ್ಕೆ ಕೇರಳದ ಬಿಡುಗಡೆ ಪದ್ಧತಿ ನೋಡಬೇಕು. ದೊಡ್ಡ ಚಿತ್ರ ಮೊದಲು ಎ ದರ್ಜೆಯ ಪಟ್ಟಣದ ಟಾಕೀಸುಗಳಿಗೆ ಹೋಗುತ್ತಿತ್ತು. ವಾರಗಟ್ಟಲೆ ಓಡಿದ ಮೇಲೆ ಬಿ ದರ್ಜೆಗೆ, ಆಮೇಲೆ ಸಿ ದರ್ಜೆಗೆ. ಅಷ್ಟು ಹೊತ್ತಿಗೆ ಪ್ರಿಂಟಿನ ತುಂಬ ಗೀರು, ಜನರ ಕುತೂಹಲವೂ ಮುಗಿದಿರುತ್ತಿತ್ತು. ಕೊಲ್ಲಿಯ ದುಡ್ಡಿನ ಜೊತೆ ಮನೆಮನೆಗೆ ಬಂದ ವಿಸಿಆರ್ ಕುಟುಂಬದ ಪ್ರೇಕ್ಷಕರನ್ನು ಎಳೆದುಕೊಂಡಿತು. ಖಾಲಿ ಕುರ್ಚಿಗಳಿದ್ದ ಆ ಟಾಕೀಸುಗಳಿಗೆ ವಿಡಿಯೋದಲ್ಲಿ ಮನೆಯವರೆದುರು ನೋಡಲಾಗದ್ದನ್ನು ಕೊಟ್ಟದ್ದು ಈ ಚಿತ್ರಗಳು. ಖರ್ಚು ಎಲ್ಲೆಲ್ಲಿ ಉಳಿಸುತ್ತಿದ್ದರು ಅಂದರೆ: ಒಂದೇ ಬಂಗಲೆ ಅಥವಾ ಒಂದೇ ತೋಟದಲ್ಲಿ ಇಡೀ ಚಿತ್ರ, ಹೆಸರಿರುವ ನಟಿಯ ಕಾಲ್‌ಶೀಟು ಕೆಲವೇ ದಿನ, ಉಳಿಕೆ ಫಿಲ್ಮಿನ ತುಂಡುಗಳಲ್ಲಿ ಶೂಟಿಂಗು, ಸ್ಥಳದಲ್ಲಿ ಧ್ವನಿ ಹಿಡಿಯದೆ ಎಲ್ಲವೂ ಆಮೇಲೆ ಡಬ್ಬಿಂಗು. ಹಿನ್ನೆಲೆ ಸಂಗೀತಕ್ಕೆ ಒಂದು ಕೀಬೋರ್ಡು ಸಾಕು.

2000ದಲ್ಲಿ ಆರ್. ಜೆ. ಪ್ರಸಾದ್ ನಿರ್ದೇಶನದ ‘ಕಿನ್ನಾರತ್ತುಂಬಿಕಳ್’ ಬಂದು ನಟಿ ಷಕೀಲಾ ಹೆಸರು ಹೊಸ ಅಲೆ ಎಬ್ಬಿಸಿತು. ಎರಡು ಮೂರು ವರ್ಷದಲ್ಲಿ ಇಂಟರ್‌ನೆಟ್, ಸಿಡಿ ಬಂದು ಆ ಪ್ರೇಕ್ಷಕರನ್ನೂ ಕರೆದುಕೊಂಡು ಹೋದವು. ಸಿ ದರ್ಜೆಯ ಎಷ್ಟೋ ಟಾಕೀಸುಗಳು ಕಲ್ಯಾಣಮಂಟಪಗಳಾದವು.

ಮಲ್ಲಿಗೆಹಂಬು

ದುಡಿದ ಹೆಂಗಸರ ಮಾತು ಬರಲಿಲ್ಲ, ಅದನ್ನು ಸೇರಿಸುತ್ತೇನೆ. ಸಿಲ್ಕ್ ಸ್ಮಿತಾ ಏಲೂರಿನವರು, ಹುಟ್ಟು ಹೆಸರು ವಿಜಯಲಕ್ಷ್ಮಿ. ನಮ್ಮ ‘ಹಳ್ಳಿ ಮೇಷ್ಟ್ರು’ (1992) ಚಿತ್ರದಲ್ಲೂ ಇದ್ದಾರೆ. 1996ರ ಸೆಪ್ಟೆಂಬರಿನಲ್ಲಿ ತೀರಿಕೊಂಡರು. ಅವರ ನಟನೆಯ ಬಗ್ಗೆ ಒಂದು ಸಾಲು ಬರೆಯದವರು ಸಾವಿನ ಬಗ್ಗೆ ಪುಟಗಟ್ಟಲೆ ಬರೆದರು. ಒಂದು ಹಾಡಿನ ನಡುವೆ ಅವರು ಕಣ್ಣು ತಿರುಗಿಸಿ ಕ್ಯಾಮೆರಾವನ್ನು ನೇರ ನೋಡುವ ರೀತಿ ನೋಡಿ: ತಾಳಕ್ಕೆ ಸರಿಯಾಗಿ ರೆಪ್ಪೆ ಬೀಳುತ್ತದೆ. ಕಸುಬು ಗೊತ್ತಿದ್ದವರಿಗೆ ಮಾತ್ರ ಬರುವಂಥದ್ದು ಅದು. ಷಕೀಲಾ ಬದುಕಿನ ಮೇಲೆ ಕನ್ನಡದ ಇಂದ್ರಜಿತ್ ಲಂಕೇಶ್ 2020ರಲ್ಲಿ ಹಿಂದಿ ಚಿತ್ರ ಮಾಡಿದರು.

ಈ ಚಿತ್ರಗಳಲ್ಲಿ ಮುಖ ಒಬ್ಬರದು, ಮೈ ಇನ್ನೊಬ್ಬರದು ಆಗಿರುವುದು ಸಾಮಾನ್ಯ. ಡೂಪ್ ಹಾಕಿದ್ದನ್ನು ಹಿಡಿಯುವುದು ಕಷ್ಟವಲ್ಲ. ಮುಖ ಇರುವ ಶಾಟು ಕತ್ತಿನಲ್ಲೇ ನಿಲ್ಲುತ್ತದೆ, ಮೈ ಇರುವ ಶಾಟಿನಲ್ಲಿ ಕೂದಲು ಮುಖ ಮುಚ್ಚಿರುತ್ತದೆ ಅಥವಾ ಬೆನ್ನು ಮಾತ್ರ ಕಾಣುತ್ತದೆ. ಬಳೆ, ಕಾಲ್ಗೆಜ್ಜೆ ಹೊಂದುವುದಿಲ್ಲ. ಒಂದರಲ್ಲಿ ಕಿಟಕಿಯ ಬೆಳಕು ಎಡಗಡೆಯಿಂದ, ಇನ್ನೊಂದರಲ್ಲಿ ನೇರ ಮೇಲಿಂದ. ಆ ಇನ್ನೊಬ್ಬ ಹೆಣ್ಣಿನ ಹೆಸರು ಟೈಟಲ್ಲಿನಲ್ಲಿ ಬರುವುದಿಲ್ಲ. ತಾನು ಬಟ್ಟೆ ತೊಟ್ಟೇ ನಟಿಸಿದ ದೃಶ್ಯಕ್ಕೆ ಆಮೇಲೆ ಬೇರೆ ಮೈಯನ್ನು ಅಂಟಿಸಿದರೆ ಮುಖದವಳೂ ಮೋಸ ಹೋದಂತೆಯೇ. ಇಬ್ಬರ ಒಪ್ಪಿಗೆಯನ್ನೂ ಕೇಳದ ಕೆಲಸ ಇದು.

ಆಪರೇಟರ್ ಕೊಠಡಿ

‘ಬಿಟ್’ ಬಗ್ಗೆ ವಿವರ ನಾನು ಕೊಡುತ್ತೇನೆ. ಮಲಯಾಳಂನಲ್ಲಿ ಅದಕ್ಕೆ ‘ತುಂಡ್’ ಅನ್ನುತ್ತಾರೆ, ನಮ್ಮ ತುಂಡೇ. ಸೆನ್ಸಾರಿನಲ್ಲಿ ಕತ್ತರಿಸಿ ತೆಗೆದದ್ದನ್ನೋ, ಸೆನ್ಸಾರನ್ನೇ ಕಾಣದ ಬೇರೆ ಯಾವುದೋ ಫಿಲ್ಮನ್ನೋ ಪ್ರದರ್ಶನದ ರೀಲಿನ ನಡುವೆ ಸೇರಿಸುವುದು. ಸೆನ್ಸಾರ್ ಮಂಡಳಿಯ ಭಾಷೆಯಲ್ಲಿ ಇದು ಅನಧಿಕೃತ ಸೇರ್ಪಡೆ, ಕಾಯ್ದೆಯ 7ನೇ ಕಲಮಿನ ಅಪರಾಧ: 3 ವರ್ಷದವರೆಗೆ ಸಜೆ, 1 ಲಕ್ಷದವರೆಗೆ ದಂಡ, ಅಥವಾ ಎರಡೂ.

ಲೆಕ್ಕ ಹೀಗೆ. 35 ಎಂಎಂ ಫಿಲ್ಮಿನಲ್ಲಿ ಅಡಿಗೆ 16 ಫ್ರೇಮು, ಸೆಕೆಂಡಿಗೆ 24 ಫ್ರೇಮು. ಅಂದರೆ ನಿಮಿಷಕ್ಕೆ 90 ಅಡಿ, ಸುಮಾರು 27.4 ಮೀಟರು. ಸಾವಿರ ಅಡಿಯ ರೀಲು 11 ನಿಮಿಷ ಓಡುತ್ತದೆ. ಪ್ರಮಾಣಪತ್ರದಲ್ಲಿ ಚಿತ್ರದ ಉದ್ದ ಮೀಟರಿನಲ್ಲಿ, ಜೊತೆಗೆ ರೀಲಿನ ಸಂಖ್ಯೆ ಇರುತ್ತಿತ್ತು. 3,900 ಮೀಟರ್ ಎಂದಿದ್ದರೆ 142 ನಿಮಿಷದ ಚಿತ್ರ. ಅದಕ್ಕೆ 100 ಮೀಟರ್ ಬಿಟ್ ಸೇರಿಸಿದರೆ ಮೂರೂಮುಕ್ಕಾಲು ನಿಮಿಷಕ್ಕೆ ತುಸು ಕಡಿಮೆ ಹೆಚ್ಚಾಗುತ್ತದೆ. ತಪಾಸಣೆಗೆ ಬಂದವರು ರೀಲನ್ನು ಅಳೆದರೆ ಸಿಕ್ಕಿಬೀಳುತ್ತದೆ, ಹಾಗಾಗಿ ಬಿಟ್ಟನ್ನು ಬೇರೆ ಸ್ಪೂಲಿನಲ್ಲಿಟ್ಟು ಎರಡನೇ ಪ್ರೊಜೆಕ್ಟರಿನಿಂದ ಬಿಡುವ ರೂಢಿಯೂ ಇತ್ತು.

ಅಂಟಿಸಿದ ಬಿಟ್ ತನ್ನನ್ನು ತಾನೇ ತೋರಿಸಿಕೊಡುತ್ತದೆ. ಮೊದಲನೆಯದು ಸದ್ದು. ಪ್ರೊಜೆಕ್ಟರಿನಲ್ಲಿ ಚಿತ್ರದ ಗೇಟು (ಬೆಳಕು ಫಿಲ್ಮನ್ನು ಹಾಯುವ ಕಿಂಡಿ) ಮೇಲೆ, ಧ್ವನಿ ಓದುವ ಭಾಗ ಕೆಳಗೆ. ಅದಕ್ಕಾಗಿ ಫಿಲ್ಮಿನ ಮೇಲೆ ಧ್ವನಿಯನ್ನು ತನ್ನ ಚಿತ್ರಕ್ಕಿಂತ ಸುಮಾರು 20 ಫ್ರೇಮು ಮುಂದೆ ಮುದ್ರಿಸಿರುತ್ತಾರೆ. ನಡುವೆ ಕತ್ತರಿಸಿ ಬೇರೆ ತುಂಡು ಅಂಟಿಸಿದರೆ ಹೊಸ ಚಿತ್ರ ಪರದೆಗೆ ಬಂದ ಮೇಲೂ ಮುಕ್ಕಾಲು ಸೆಕೆಂಡಿಗಿಂತ ಹೆಚ್ಚು ಹೊತ್ತು ಹಳೆಯ ದೃಶ್ಯದ ಸದ್ದೇ ಕೇಳುತ್ತದೆ, ಆಮೇಲೆ ‘ಟಪ್’ ಎಂದು ಬದಲಾಗುತ್ತದೆ. ಅಂಟಿನ ಗೆರೆಯ ಮೇಲೆ ಧ್ವನಿಪಟ್ಟಿಗೆ ಕಪ್ಪು ಶಾಯಿ ಹಚ್ಚದಿದ್ದರೆ ಆ ‘ಟಪ್’ ಜೋರು.

ಇನ್ನು ಚೌಕಟ್ಟು. ಒಂದು ಫ್ರೇಮಿಗೆ ಪಕ್ಕದಲ್ಲಿ 4 ತೂತು. ಒಂದು ತೂತು ಆಚೀಚೆ ಅಂಟಿಸಿದರೂ ಫ್ರೇಮಿನ ನಡುಗೆರೆ ಪರದೆಯ ಮೇಲೆ ಬಂದು ತಲೆ ಕೆಳಗೆ, ಕಾಲು ಮೇಲೆ ಕಾಣುತ್ತದೆ. ಆಪರೇಟರು ಫ್ರೇಮಿಂಗ್ ತಿರುಪು ತಿರುಗಿಸಿ ಸರಿಮಾಡುವವರೆಗೆ ಹಾಗೇ. ಮುಖ್ಯ ಚಿತ್ರ ಸಿನಿಮಾಸ್ಕೋಪ್ ಆಗಿದ್ದು ಬಿಟ್ ಸಾಧಾರಣ ಅಳತೆಯದಾದರೆ ಸ್ಕೋಪ್ ಮಸೂರ ಅದನ್ನು ಅಡ್ಡಕ್ಕೆ ಎರಡು ಪಟ್ಟು ಎಳೆದು ಮನುಷ್ಯರು ಗುಜ್ಜರಾಗಿ ಕಾಣುತ್ತಾರೆ. ಹಳೆಯ ಈಸ್ಟ್‌ಮನ್ ಪ್ರಿಂಟಿನ ತುಂಡಾದರೆ ನೀಲಿ, ಹಸಿರು ಮಾಸಿ ಇಡೀ ದೃಶ್ಯ ಗುಲಾಬಿಗೆ ತಿರುಗಿರುತ್ತದೆ. ಅಂಟು ಕೂಡ ತೊಂದರೆಯದ್ದೇ. ಹಳೆಯ ಅಸಿಟೇಟ್ ಫಿಲ್ಮಿಗೆ ಎಮಲ್ಷನ್ (ಚಿತ್ರ ಮೂಡುವ ಲೇಪ) ಕೆರೆದು ಸಿಮೆಂಟ್ ಹಚ್ಚಿ ಒತ್ತಿದರೆ ಹಿಡಿಯುತ್ತದೆ. ಪಾಲಿಯೆಸ್ಟರ್ ಪ್ರಿಂಟಿಗೆ ಆ ಸಿಮೆಂಟ್ ಹಿಡಿಯುವುದೇ ಇಲ್ಲ, ಟೇಪು ಬೇಕು. ಸರಿಯಾಗಿ ಕೆರೆಯದ ಅಂಟು ಗೇಟಿನಲ್ಲಿ ಬಿಚ್ಚಿಕೊಂಡು ಆಟವೇ ನಿಲ್ಲುತ್ತದೆ.

ದಾಳಿಯಾದಾಗ ಸ್ಥಳದಲ್ಲಿ ಇರುತ್ತಿದ್ದುದು ಆಪರೇಟರು, ಮ್ಯಾನೇಜರು. ಬಿಟ್ ತಂದುಕೊಟ್ಟವನು ಅಲ್ಲಿರುವುದಿಲ್ಲ. ನಿರ್ದೇಶಕನಿಗಂತೂ ತನ್ನ ಚಿತ್ರದೊಳಗೆ ಏನು ತುರುಕಿದ್ದಾರೆ ಎಂಬುದೇ ತಿಳಿದಿರುವುದಿಲ್ಲ.

ಭಿತ್ತಿಚಿತ್ರ

ಈ ವಿವರಕ್ಕೆ ಕೃತಜ್ಞತೆ, ಸರ್. ಮೊದಲ ಹೊಳೆಯ ‘ಎ’ ಚಿತ್ರಗಳ ಹಳೆಯ ಪ್ರಿಂಟುಗಳು ಕೂಡ ಇದೇ ಟಾಕೀಸುಗಳಿಗೆ ಬಂದು ಬಿಟ್ ಹೊತ್ತುಕೊಂಡವು. ನಮ್ಮಲ್ಲಿ ‘ಆ ಚಿತ್ರದಲ್ಲಿ ಆ ದೃಶ್ಯ ಇತ್ತು’ ಎಂದು ಹೇಳುವವರ ಮಾತು ಎಷ್ಟೋ ಸಲ ಬಿಟ್ಟಿನ ನೆನಪು, ಚಿತ್ರದ್ದಲ್ಲ.

ಹಳೇಟಾಕೀಸು

ಈಗ ಮನೆಯಲ್ಲಿ ನೋಡುವವರಿಗೆ? ಆನ್‌ಲೈನಿನಲ್ಲಿ ಒಂದೇ ಚಿತ್ರದ ಮೂರು ನಾಲ್ಕು ಪ್ರತಿ ಸಿಗುತ್ತವೆ, ಅವಧಿ ಒಂದೊಂದರದು ಒಂದೊಂದು.

ಆಪರೇಟರ್ ಕೊಠಡಿ

ಅವಧಿ ಕಡಿಮೆ ಇದ್ದ ಮಾತ್ರಕ್ಕೆ ಕತ್ತರಿಸಿದ್ದಾರೆ ಅಂದುಕೊಳ್ಳಬೇಡಿ. ಟೇಪು, ಡಿವಿಡಿಗೆ ಇಳಿಸುವಾಗ ನಮ್ಮ ಟಿವಿಯ ಪಾಲ್ ಪದ್ಧತಿಯಲ್ಲಿ 24 ಫ್ರೇಮಿನ ಚಿತ್ರವನ್ನು 25ರಲ್ಲಿ ಓಡಿಸುತ್ತಾರೆ. ನೂರಕ್ಕೆ ನಾಲ್ಕು ಭಾಗ ಸಮಯ ಉಳಿಯುತ್ತದೆ. 150 ನಿಮಿಷದ್ದು 144 ಆಗುತ್ತದೆ, ಒಂದು ಫ್ರೇಮೂ ಹೋಗಿರುವುದಿಲ್ಲ. ಪರೀಕ್ಷೆಗೆ ಹಾಡು ಹಾಕಿ: ಮೂಲ ಧ್ವನಿಮುದ್ರಿಕೆಗಿಂತ ಶ್ರುತಿ ಕೊಂಚ ಏರಿದ್ದರೆ ಅದು ಪಾಲ್ ವೇಗ. ಶ್ರುತಿ ಸರಿ ಇದ್ದು ಅವಧಿ ಹತ್ತಿಪ್ಪತ್ತು ನಿಮಿಷ ಕಡಿಮೆ ಇದ್ದರೆ ನಿಜವಾಗಿ ಕತ್ತರಿ ಬಿದ್ದಿದೆ, ಸಾಮಾನ್ಯವಾಗಿ ಹೋಗಿರುವುದು ಹಾಡು ಅಥವಾ ಊರಿನ ದೃಶ್ಯಗಳು. ಆರಂಭದಲ್ಲಿ ಪ್ರಮಾಣಪತ್ರ ಉಳಿದಿದ್ದರೆ ಅಲ್ಲೇ ನಿಲ್ಲಿಸಿ ಮೀಟರ್ ಓದಿ, 27.4ರಿಂದ ಭಾಗಿಸಿ, ಬಂದ ನಿಮಿಷಕ್ಕೆ ಹೋಲಿಸಿ. ಅಂಚು ಕತ್ತರಿಸಿ ಟಿವಿ ಅಳತೆಗೆ ತಂದ ಪ್ರತಿಗಳನ್ನು ಬಿಡಿ. ಭರತನ್ ಚೌಕಟ್ಟಿನ ಒಂದು ಬದಿಯಲ್ಲಿ ಇಟ್ಟ ಮನುಷ್ಯನೇ ಅವುಗಳಲ್ಲಿ ಇರುವುದಿಲ್ಲ.

ರೀಲುಡಬ್ಬಿ

ನೋಡುವ ಕ್ರಮ ಕೇಳುವವರಿಗೆ: ‘ನೀಲಕ್ಕುಯಿಲ್’, ‘ಚೆಮ್ಮೀನ್’, ಆಮೇಲೆ ‘ಅವಳುಡೆ ರಾವುಗಳ್’, ‘ತಕರ’, ‘ಆದಾಮಿಂಟೆ ವಾರಿಯೆಲ್ಲ್’, ಕೊನೆಗೆ ‘ತೂವಾನತ್ತುಂಬಿಕಳ್’. ಎಲ್ಲವನ್ನೂ ಮಲಯಾಳಂ ಧ್ವನಿಯಲ್ಲೇ ನೋಡಿ, ಹಿಂದಿ ಡಬ್ ಬೇಡ. ಸಬ್‌ಟೈಟಲ್ ಇಲ್ಲದಿದ್ದರೂ ಕನ್ನಡದವರಿಗೆ ಅರ್ಧ ಮಾತು ಕಿವಿಗೆ ಹತ್ತುತ್ತದೆ. ‘ತೂವಾನತ್ತುಂಬಿಕಳ್’ನಲ್ಲಿ ನಾಯಕ ಜಯಕೃಷ್ಣನ್ ಕ್ಲಾರಾಗೆ ಮೊದಲ ಕಾಗದ ಬರೆಯುವಾಗ ಹೊರಗೆ ಮಳೆ ಶುರುವಾಗುತ್ತದೆ, ಅಲ್ಲಿ ಮಾತು ನಿಂತು ಜಾನ್ಸನ್ ಅವರ ಹಿನ್ನೆಲೆ ಸಂಗೀತ ಬರುತ್ತದೆ. ಹೆಡ್‌ಫೋನ್ ಹಾಕಿಕೊಂಡು ಕೇಳಿ.